ಗಾಲಿಗೆ ತಂದ ಕ್ಯಾಸಲ್ ನಟ್, ಅದರ ಹೆಸರಿನಲ್ಲಿರುವ ಕೋಟೆ

ಟ್ರ್ಯಾಕ್ಟರ್ ಟ್ರೇಲರ್‌ನ ಗಾಲಿಗೆ ಬೇರಿಂಗ್ ಬದಲಾಯಿಸುವಾಗ ಹಳೇ ನಟ್ ಸವೆದಿರುವುದು ಕಾಣಿಸಿತು. ಪೇಟೆಯ ಒಂದು ಹಾರ್ಡ್‌ವೇರ್ ಅಂಗಡಿಯಿಂದ ಎರಡು ಕ್ಯಾಸಲ್ ನಟ್, ಜೊತೆಗೆ ಸ್ಪ್ಲಿಟ್ ಪಿನ್ (ನಟ್ ಬಿಚ್ಚದಂತೆ ತೂರಿಸಿ ಮಡಚುವ ಎರಡು ಕಾಲಿನ ಪಿನ್) ತಂದೆ. ನಟ್ ತುಂಬಾ ಚೆನ್ನಾಗಿದೆ. ಕೈಯಲ್ಲೇ ತಿರುಗಿಸಿದರೂ ಥ್ರೆಡ್ ಸಲೀಸಾಗಿ ಹತ್ತಿತು, ಸೀಳುಗಳು ನೀಟಾಗಿವೆ.

ಈ ನಟ್‌ಗೆ ಕ್ಯಾಸಲ್ ಅಂತ ಯಾಕೆ ಹೆಸರು ಅನ್ನುವುದು ಅಂಗೈ ಮೇಲೆ ಇಟ್ಟು ನೋಡಿದರೆ ಗೊತ್ತಾಗುತ್ತದೆ. ತಲೆಯಲ್ಲಿ ಆರು ಸೀಳು, ನಡುವೆ ಎದ್ದು ನಿಂತ ಆರು ತುಂಡು, ಥೇಟ್ ಕೋಟೆಯ ಬುರುಜು. ಇಂಗ್ಲಿಷ್‌ನಲ್ಲಿ ಪೂರ್ತಿ ಹೆಸರು ಕ್ಯಾಸ್ಟಲೇಟೆಡ್ ನಟ್. ಲ್ಯಾಟಿನ್‌ನಲ್ಲಿ ಕಾಸ್ಟ್ರುಮ್ ಅಂದರೆ ಕೋಟೆ, ಕಾಸ್ಟೆಲ್ಲುಮ್ ಅಂದರೆ ಪುಟ್ಟ ಕೋಟೆ, ಅದರಿಂದ ಬಂದದ್ದೇ ಕ್ಯಾಸಲ್, ಕ್ಯಾಸ್ಟಲೇಟೆಡ್ ಎರಡೂ. ಮ್ಯಾಂಚೆಸ್ಟರ್, ಲ್ಯಾಂಕಾಸ್ಟರ್ ಅನ್ನುವ ಊರ ಹೆಸರುಗಳ ಕೊನೆಯಲ್ಲಿ ಇರುವುದೂ ಇದೇ ಕುಲದ ಪದ.

ನಮ್ಮ ಕನ್ನಡದಲ್ಲಿ ಕೋಟೆ ಗೋಡೆಯ ತುದಿಯಲ್ಲಿ ಸಾಲಾಗಿ ಎದ್ದಿರುವ ಭಾಗಕ್ಕೆ ತೆನೆ ಅನ್ನುತ್ತಾರೆ. ರಾಗಿಗೂ ತೆನೆ, ಕೋಟೆಗೂ ತೆನೆ! ಹೊಲದಲ್ಲಿ ಕೆಲಸ ಮಾಡುವ ನನಗೆ ಲ್ಯಾಟಿನ್‌ಗಿಂತ ಈ ಪದವೇ ಜಾಸ್ತಿ ಹಿಡಿಸಿತು. 1878ರಲ್ಲಿ ಮುಗಿದ ಬೆಂಗಳೂರು ಅರಮನೆ ನೋಡಿದವರಿಗೆ ಈ ತೆನೆ ಹೇಗಿರುತ್ತದೆ ಅಂತ ಗೊತ್ತು, ಅಲ್ಲಿ ಅದು ಅಂದಕ್ಕೆ ಮಾತ್ರ. ಯುದ್ಧದ ಕೋಟೆಯಲ್ಲಿ ಸೈನಿಕ ತೆನೆಯ ಹಿಂದೆ ಅಡಗಿ, ಪಕ್ಕದ ಸಂದಿಯಿಂದ ಹೊಡೆಯುತ್ತಿದ್ದ.

ನಟ್‌ನಲ್ಲಿಯೂ ಮುಖ್ಯವಾದದ್ದು ಆ ಸಂದಿಯೇ. ಆ್ಯಕ್ಸಲ್‌ನ ತುದಿಯಲ್ಲಿ ಅಡ್ಡಲಾಗಿ ಒಂದು ತೂತು ಇರುತ್ತದೆ. ಅದರಲ್ಲಿ ಪಿನ್ ತೂರಿಸಿ ಎದುರುಬದುರು ಸೀಳುಗಳಲ್ಲಿ ಹೊರಗೆ ತಂದು ಕಾಲು ಮಡಚಿದರೆ, ಗಾಲಿ ಎಷ್ಟು ಅದುರಿದರೂ ನಟ್ ತಾನಾಗಿ ಬಿಚ್ಚಿಕೊಳ್ಳುವುದಿಲ್ಲ. ಗಾಲಿ ತಿರುಗಿಸುತ್ತಾ ಬಿಗಿ ಮಾಡಿ, ಆಮೇಲೆ ಸೀಳು ತೂತಿನ ನೇರಕ್ಕೆ ಬರುವಷ್ಟು ಸ್ವಲ್ಪ ಸಡಿಲ ಬಿಟ್ಟೆ. ಇಂಥ ಬೇರಿಂಗ್ ತೀರಾ ಬಿಗಿಯಾದರೆ ಕಾದು ಸುಟ್ಟುಹೋಗುತ್ತದೆ. ಸ್ಟೀರಿಂಗ್‌ನ ಬಾಲ್ ಜಾಯಿಂಟ್‌ಗೆ (ಗುಂಡು ತಲೆಯ ಕೀಲು) ಮಾತ್ರ ಹೀಗೆ ಸಡಿಲ ಬಿಡಬೇಡಿ, ಅಲ್ಲಿ ಸೀಳು ತೂತಿನ ನೇರಕ್ಕೆ ಬರದಿದ್ದರೆ ಮುಂದಕ್ಕೇ ಬಿಗಿ ಮಾಡಬೇಕು.

ಬೇಜಾರಾಗಿದ್ದು ಪಿನ್ ವಿಷಯಕ್ಕೆ. ತೂತಿಗಿಂತ ತೆಳ್ಳಗಿತ್ತು, ಮಡಚುವಾಗಲೇ ಒಂದು ಮುರಿದುಹೋಯಿತು. ಇಡೀ ಗಾಲಿಯನ್ನು ಕಾಯುವ ಪಿನ್ ಹೀಗಿದ್ದರೆ ಹೇಗೆ? ಅಂಗಡಿಯವರಿಗೂ ಹೇಳಿ ಬಂದೆ. ನಟ್ ಧೈರ್ಯವಾಗಿ ತಗೊಳ್ಳಿ. ಪಿನ್ ಮಾತ್ರ ತೂತಿನ ಅಳತೆ ನೋಡಿಕೊಂಡು ಬೇರೆ ಕಡೆ ತಗೊಳ್ಳಿ, ಒಮ್ಮೆ ಬಿಚ್ಚಿದ ಹಳೇ ಪಿನ್ ವಾಪಸ್ ಹಾಕಬೇಡಿ.