ಒಲಿಂಪಿಕ್ಸ್‌ನಲ್ಲಿ ಸೋತವರ ಸಿನಿಮಾ: ಆರು ನೋಡಿದ್ವಿ, ಎರಡು ಮನಸ್ಸಲ್ಲಿ ಕೂತ್ಕೊಂಡ್ವು

ಅಕ್ಕನ ಮಗಳು ಈ ಸಲ ಜಿಲ್ಲಾ ಮಟ್ಟದಲ್ಲಿ 400 ಮೀಟರ್ ಓಡಿ ನಾಲ್ಕನೇ ಬಂದು ದಸರಾ ರಜೆಗೆ ಅಂತ ನಮ್ಮನೇಗೆ ಬಂದಿದ್ಲು, ಮುಖ ಊದಿಸ್ಕೊಂಡು. ಮೂರನೇ ಬಂದಿದ್ರೆ ಕಂಚಿನ ಮೆಡಲ್ಲಾದ್ರೂ ಕುತ್ತಿಗೆಗೆ ಬೀಳ್ತಿತ್ತು, ನಾಲ್ಕನೇದಕ್ಕೆ ಏನಿದೆ, ಭಾಗವಹಿಸಿದ್ದಕ್ಕೆ ಒಂದು ಸರ್ಟಿಫಿಕೇಟು, ಅದರಲ್ಲೂ ಹೆಸರು ತಪ್ಪಾಗಿ ಬರ್ದಿದ್ರಂತೆ. ಎರಡು ದಿನ ಸರಿಯಾಗಿ ಊಟ ಮಾಡ್ಲಿಲ್ಲ, ಸ್ಪೈಕ್ಸ್ ಬ್ಯಾಗಿಂದ ಆಚೆ ತೆಗೀಲಿಲ್ಲ. ಬುದ್ಧಿ ಹೇಳಕ್ಕೆ ನಂಗೆ ಬರಲ್ಲ, ನಾನು ಸ್ಕೂಲಲ್ಲಿ ಸ್ಪೋರ್ಟ್ಸ್ ಡೇ ದಿನ ಹೊಟ್ಟೆನೋವು ಅಂತ ಮನೇಲಿ ಮಲಗ್ತಿದ್ದ ಗಿರಾಕಿ. ಅದಕ್ಕೆ ಸಿನಿಮಾ ತೋರಿಸೋಣ ಅಂತ ಡಿಸೈಡ್ ಮಾಡ್ದೆ, ಒಲಿಂಪಿಕ್ಸ್‌ಗೆ ಅಂತ ಹೊರಟು ಮೆಡಲ್ ಸಿಗದೇ ವಾಪಸ್ ಬಂದವರ ಸಿನಿಮಾಗಳು, ಹತ್ತು ದಿನದಲ್ಲಿ ಆರು. ಐದು ಅವಳ ಜೊತೆ, ಒಂದು ಅವಳು ಮಲಗಿದ ಮೇಲೆ ನಾನೊಬ್ನೇ, ಯಾಕೆ ಅಂತ ಆಮೇಲೆ ಹೇಳ್ತೀನಿ.

ನೋಡ್ತಾ ನೋಡ್ತಾ ನಂಗೆ ಒಂದು ಅಳತೆಗೋಲು ಸಿಕ್ತು. ಸೋತ ಮಾರನೇ ದಿನ ಆ ಮನುಷ್ಯ ಏನ್ ಮಾಡ್ದ ಅಂತ ಸಿನಿಮಾ ತೋರಿಸುತ್ತಾ ಇಲ್ವಾ? ಬಹಳಷ್ಟು ತೋರಿಸಲ್ಲ. ಸೋಲು ಕಂಡ ತಕ್ಷಣ ನಿರ್ದೇಶಕರಿಗೆ ಗಾಬರಿ, ಪ್ರೇಕ್ಷಕ ಎದ್ದೋಗ್ಬಿಡ್ತಾನೇನೋ ಅಂತ, ಓಡೋಗಿ ಎಲ್ಲಿಂದಾದ್ರೂ ಒಂದು ಗೆಲುವು ತಂದು ಕೊನೇಲಿ ಅಂಟಿಸ್ತಾರೆ. ಆ ಮಾರನೇ ದಿನ ಹೇಗಿರುತ್ತೆ ಅಂತ ನಮ್ಮನೇ ಸೋಫಾ ಮೇಲೆ ನಾನು ಲೈವ್ ನೋಡ್ತಿದ್ನಲ್ಲ, ಹಾಗಾಗಿ ಈ ಸಲ ಮೋಸ ಬೇಗ ಗೊತ್ತಾಗ್ತಿತ್ತು.

ಮೊದಲನೇದು 2013ರ ಭಾಗ್ ಮಿಲ್ಖಾ ಭಾಗ್. ಓಟಗಾರ್ತಿ ಮನೇಲಿದ್ರೆ ಇದನ್ನ ಬಿಟ್ಟು ಬೇರೆ ಯಾವುದರಿಂದ ಶುರು ಮಾಡೋದು, ಅದೂ ಅವಳದ್ದೇ 400 ಮೀಟರ್. 1960ರ ರೋಮ್ ಫೈನಲ್, ಮಿಲ್ಖಾ ಸಿಂಗ್ ನಾಲ್ಕನೇ, ಮೂರನೇ ಬಂದ ದಕ್ಷಿಣ ಆಫ್ರಿಕಾದ ಮಾಲ್ಕಮ್ ಸ್ಪೆನ್ಸ್‌ಗೂ ಇವರಿಗೂ ಕೈಯಲ್ಲಿ ಒತ್ತೋ ಸ್ಟಾಪ್‌ವಾಚ್ ಲೆಕ್ಕದಲ್ಲಿ 45.5, 45.6, ಅಂದ್ರೆ ಒಂದು ಸೆಕೆಂಡಿನ ಹತ್ತನೇ ಒಂದು ಭಾಗ. ಮುಂದೆ ಇದ್ದ ಇಬ್ರು ಇದ್ದಿದ್ದ ವಿಶ್ವದಾಖಲೆನೇ ಮುರಿದ ರೇಸ್ ಅದು, ಹಾಗಾಗಿ ಕೆಟ್ಟದಾಗಿ ಓಡಿ ಸೋತಿದ್ದಲ್ಲ, ಆ ಟೈಮಿಂಗ್ ನಮ್ಮ ದೇಶದ ದಾಖಲೆಯಾಗಿ 1998ರವರೆಗೂ ಉಳೀತು. ಸಿನಿಮಾ ಶುರುವಾಗೋದೇ ಈ ರೇಸಿಂದ, ಮಿಲ್ಖಾ ಹಿಂದೆ ತಿರುಗಿ ನೋಡೋದು, ವಿಭಜನೆ ಟೈಮಲ್ಲಿ ಕಣ್ಣೆದುರೇ ಮನೆಯವರನ್ನ ಕಳ್ಕೊಂಡ ಹುಡುಗನ ನೆನಪು ನುಗ್ಗೋದು. ಈ ಓಪನಿಂಗ್ ಸೂಪರ್, ಅದರಲ್ಲಿ ಎರಡು ಮಾತಿಲ್ಲ. ಫರ್ಹಾನ್ ಅಖ್ತರ್ ಮೈ ಕಟ್ಟಿರೋ ರೀತಿ, ಅಕ್ಕನಾಗಿ ದಿವ್ಯಾ ದತ್ತಾ, ಹಾಲು ಮೊಟ್ಟೆ ಆಸೆಗೆ ಮಿಲಿಟರಿ ಕ್ಯಾಂಪಲ್ಲಿ ಓಡೋ ಸೀನು, ಎಲ್ಲಾ ಚೆನ್ನಾಗಿದೆ. ಆದ್ರೆ ಮೂರು ಗಂಟೆ ಮೀರಿದ ಸಿನಿಮಾದಲ್ಲಿ ಹಾಡಿಗೆ ಜಾಗ ಇದೆ, ಆಸ್ಟ್ರೇಲಿಯಾದ ಹುಡುಗಿ ಜೊತೆ ಓಡಾಡಕ್ಕೆ ಜಾಗ ಇದೆ, ರೋಮ್ ಆದಮೇಲೆ ಆ ಮನುಷ್ಯ ರಾತ್ರಿ ಹೇಗೆ ನಿದ್ದೆ ಮಾಡ್ದ ಅನ್ನೋದಕ್ಕೆ ಮಾತ್ರ ಜಾಗ ಸಾಲ್ಲಿಲ್ಲ. ಕೊನೇಲಿ ಲಾಹೋರ್‌ಗೆ ಕರ್ಕೊಂಡೋಗಿ ಪಾಕಿಸ್ತಾನದ ಓಟಗಾರ ಅಬ್ದುಲ್ ಖಾಲಿಕ್‌ನ ಸೋಲಿಸಿ, ಫ್ಲೈಯಿಂಗ್ ಸಿಖ್ ಅಂತ ಬಿರುದು ಕೊಡಿಸಿ, ಚಪ್ಪಾಳೆ. ಲೆಕ್ಕ ಚುಕ್ತಾ. ನಿಜವಾದ ಮಿಲ್ಖಾ ಸಿಂಗ್ ಮಾತ್ರ 2021ರ ಜೂನಲ್ಲಿ ಕೊರೊನಾದಿಂದ ತೀರ್ಕೊಳ್ಳೋವರೆಗೂ ಯಾವ ಇಂಟರ್ವ್ಯೂಲಿ ಕೇಳಿದ್ರೂ ರೋಮ್ ಬಗ್ಗೆ ನೊಂದ್ಕೊಂಡೇ ಮಾತಾಡ್ತಿದ್ರು, ಅವರಿಗೆ ಲೆಕ್ಕ ಚುಕ್ತಾ ಆಗಿರ್ಲಿಲ್ಲ. ಇವಳು ನೋಡಿ ಮುಗಿಸಿ ಹೇಳಿದ್ದು ಒಂದೇ ಮಾತು, "ಮಾಮ, ನಾನು ಹಿಂದೆ ತಿರುಗಿ ನೋಡ್ಲೇ ಇಲ್ಲ ಗೊತ್ತಾ, ಆದ್ರೂ ನಾಲ್ಕನೇ ಬಂದೆ." ನಂಗೆ ಉತ್ತರ ಹೊಳೀಲಿಲ್ಲ, ಚುರುಮುರಿ ಮಾಡ್ಕೊಂಡ್ ಬರ್ತೀನಿ ಅಂತ ಅಡುಗೆಮನೆಗೆ ಹೋದೆ.

ದಂಗಲ್ ಈ ಪಟ್ಟಿಗೆ ಯಾಕೆ ಬಂತು ಅಂತ ಕೇಳ್ಬೋದು, ಅದು ಗೆದ್ದವರ ಸಿನಿಮಾ ಅಲ್ವಾ ಅಂತ. ಅದೇ ನನ್ನ ಪಾಯಿಂಟು. ಗೀತಾ ಫೋಗಟ್ ಒಲಿಂಪಿಕ್ಸ್‌ಗೆ ಅರ್ಹತೆ ಪಡೆದ ಭಾರತದ ಮೊದಲ ಮಹಿಳಾ ಕುಸ್ತಿಪಟು, 2012ರಲ್ಲಿ ಲಂಡನ್‌ಗೆ ಹೋಗಿ ಮೊದಲನೇ ಬೌಟಲ್ಲೇ ಸೋತ್ರು. ಸಿನಿಮಾ ಬಂದಿದ್ದು 2016ರಲ್ಲಿ, ಲಂಡನ್ ಕಥೆ ಎಲ್ಲರಿಗೂ ಗೊತ್ತಿತ್ತು, ಆದ್ರೂ 2010ರ ದೆಹಲಿ ಕಾಮನ್‌ವೆಲ್ತ್ ಚಿನ್ನದ ಹತ್ರ ಗಕ್ಕಂತ ಬ್ರೇಕ್ ಹಾಕಿದ್ದಾರೆ. ಅದೂ ಗೀತಾ ಸಲೀಸಾಗಿ ಗೆದ್ದ ಫೈನಲ್‌ನ ಕೊನೇ ಸೆಕೆಂಡಿನವರೆಗೂ ಎಳೆದು, ಅಪ್ಪನ್ನ ರೂಮಲ್ಲಿ ಕೂಡಿ ಹಾಕಿ, ಏನೇನೋ ಮಾಡಿದ್ದಾರೆ. ಸಿನಿಮಾವಾಗಿ ಹತ್ತಕ್ಕೆ ಎಂಟು ಕೊಡ್ತೀನಿ, ಎಷ್ಟು ಸಲ ಬಂದ್ರೂ ಚಾನೆಲ್ ಚೇಂಜ್ ಮಾಡಲ್ಲ. ಈಗ ನೋಡ್ಬೇಕಾದ್ರೆ ಬೇರೆ ಒಂದು ಸಂಕಟ, ಅದೇ ಮನೆತನದ ವಿನೇಶ್ 2024ರ ಪ್ಯಾರಿಸ್‌ನಲ್ಲಿ ಫೈನಲ್ ತಲುಪಿ, ಬೆಳಿಗ್ಗೆ ತೂಕ ಹಾಕಿದಾಗ 50 ಕೆಜಿಗಿಂತ 100 ಗ್ರಾಂ ಜಾಸ್ತಿ ಅಂತ ಆಚೆ ಬಂದ್ರಲ್ಲ, ಆ ರಾತ್ರಿ ಪೂರ್ತಿ ತೂಕ ಇಳಿಸಕ್ಕೆ ಒದ್ದಾಡಿದ್ದು ನೆನಪಾಗುತ್ತೆ. ಆ ಒಂದು ರಾತ್ರಿನೇ ಎರಡು ಗಂಟೆ ಸಿನಿಮಾ. ಯಾರಾದ್ರೂ ಮಾಡ್ತಾರಾ, ಮಾಡಿದ್ರೂ ಹಾಡು ಹಾಕ್ದೇ ಇರ್ತಾರಾ.

ಮೈದಾನ್ ಬಗ್ಗೆ ಜಾಸ್ತಿ ಬರಿಯಲ್ಲ. ಫುಟ್‌ಬಾಲ್ ಸೀನ್‌ಗಳು ಭರ್ಜರಿ, ಹೈದರಾಬಾದ್‌ನ ಕೋಚ್ ಎಸ್.ಎ. ರಹೀಮ್ ಆಗಿ ಅಜಯ್ ದೇವಗನ್ ಸಿಗರೇಟ್ ಸೇದ್ತಾ ಸುಮ್ನೆ ನಿಂತ್ಕೊಂಡೇ ಅರ್ಧ ಕೆಲಸ ಮುಗಿಸ್ತಾರೆ. ಆದ್ರೆ ನಮ್ಮ ದೇಶ 1956ರ ಮೆಲ್ಬೋರ್ನ್ ಒಲಿಂಪಿಕ್ಸ್ ಫುಟ್‌ಬಾಲಲ್ಲಿ ಸೆಮಿಫೈನಲ್ ಆಡಿತ್ತು, ನಾಲ್ಕನೇ ಬಂತು ಅನ್ನೋದೇ ಈಗಿನ ಹುಡುಗರಿಗೆ ಜೋಕ್ ಥರ ಕೇಳುತ್ತೆ, ಅದನ್ನ ಇನ್ನೂ ನಿಧಾನವಾಗಿ ಹೇಳ್ಬೋದಿತ್ತು. ಇಲ್ಲೂ ಅದೇ ಫಾರ್ಮುಲಾ, 1962ರ ಜಕಾರ್ತಾ ಏಷ್ಯನ್ ಗೇಮ್ಸ್ ಚಿನ್ನದಿಂದ ಒಲಿಂಪಿಕ್ಸ್ ಗಾಯಕ್ಕೆ ಪಟ್ಟಿ.

ಇಲ್ಲಿ ಒಂದು ನಿಮಿಷ ಸೈಡಿಗೆ ಹೋಗ್ತೀನಿ. ನಾಲ್ಕನೇ ಸ್ಥಾನದ ಅತ್ಯುತ್ತಮ ಸಿನಿಮಾ ನಾನು ನೋಡಿರೋದು ಸಿನಿಮಾನೇ ಅಲ್ಲ, 2021ರ ಆಗಸ್ಟ್ 7ರ ಬೆಳಿಗ್ಗೆ ಟೀವಿಲಿ ಬಂದ ಟೋಕಿಯೊ ಒಲಿಂಪಿಕ್ಸ್ ಗಾಲ್ಫು. ನಮ್ಮ ಬೆಂಗಳೂರಿನ ಅದಿತಿ ಅಶೋಕ್, ರ‍್ಯಾಂಕಿಂಗ್ ಇನ್ನೂರರ ಆಚೀಚೆ, ಬ್ಯಾಗ್ ಹೊತ್ಕೊಂಡು ಜೊತೇಲಿ ನಡೀತಿದ್ದಿದ್ದು ಅವರಮ್ಮ. ಗಾಲ್ಫ್ ಅಂದ್ರೆ ಏನು ಅಂತ ಗೊತ್ತಿಲ್ಲದ ನಾವೆಲ್ಲ ಬೆಳಗಾಗೆದ್ದು ಬರ್ಡಿ ಅಂದ್ರೇನು, ಪಾರ್ ಅಂದ್ರೇನು ಅಂತ ಫೋನಲ್ಲಿ ಹುಡುಕ್ತಾ ಕೂತಿದ್ವಿ, ಮಧ್ಯ ಮಳೆ ಗುಡುಗು ಅಂತ ಆಟ ನಿಲ್ಸಿದ್ರು, ಕಾಫಿ ಎರಡು ರೌಂಡ್ ಆಯ್ತು, ಕೊನೆಗೆ ಒಂದೇ ಒಂದು ಸ್ಟ್ರೋಕಲ್ಲಿ ಮೆಡಲ್ ತಪ್ಪಿತು. ಅದೇ ದಿನ ಸಂಜೆ ನೀರಜ್ ಚೋಪ್ರಾ ಚಿನ್ನ ಗೆದ್ರು, ಬೆಳಗಿಂದು ಎಲ್ಲರಿಗೂ ಮರ್ತೋಯ್ತು. ಕನ್ನಡದಲ್ಲಿ ಯಾರಾದ್ರೂ ಈ ಒಂದು ಬೆಳಿಗ್ಗೆ ಇಟ್ಕೊಂಡು ಸಿನಿಮಾ ಮಾಡಿದ್ರೆ ಮೊದಲನೇ ಶೋ ಟಿಕೆಟ್ ನಂದು.

ಎಡ್ಡಿ ದಿ ಈಗಲ್ ಮನೆಮಂದಿಯೆಲ್ಲ ಕೂತು ನಗೋ ಸಿನಿಮಾ. 1988ರ ಕ್ಯಾಲ್ಗರಿ ಚಳಿಗಾಲದ ಒಲಿಂಪಿಕ್ಸ್‌ನ ಸ್ಕೀ ಜಂಪಲ್ಲಿ ಎರಡು ಈವೆಂಟಲ್ಲೂ ಕೊನೇ ಸ್ಥಾನ ಬಂದ ಬ್ರಿಟನ್ನಿನ ಎಡ್ಡಿ ಎಡ್ವರ್ಡ್ಸ್, ಗಾರೆ ಕೆಲಸದವನು, ದಪ್ಪ ಕನ್ನಡಕ ಮೇಲಿನ ಗಾಗಲ್ ಒಳಗೇ ಮಂಜು ಹಿಡೀತಿತ್ತು. ಹ್ಯೂ ಜ್ಯಾಕ್‌ಮನ್ ಮಾಡಿರೋ ಕುಡುಕ ಕೋಚ್ ಪೂರಾ ಕಟ್ಟುಕಥೆ, ಆದ್ರೂ ಪರವಾಗಿಲ್ಲ. ಇದರಲ್ಲಿ ಸೋತ ನೋವೇ ಇಲ್ಲ, ಯಾಕಂದ್ರೆ ಅವನಿಗೆ ಹೋಗಿದ್ದೇ ಗೆಲುವು. ಇಡೀ ಹತ್ತು ದಿನದಲ್ಲಿ ಇವಳು ಬಾಯ್ತುಂಬ ನಕ್ಕಿದ್ದು ಇದೊಂದಕ್ಕೇ, ಆ ಕಾರಣಕ್ಕೇ ದುಡ್ಡು ವಸೂಲ್.

ನಾನೊಬ್ನೇ ನೋಡಿದ್ದು ಐ ಟೋನ್ಯಾ. ಹದಿನೈದು ವರ್ಷದ ಹುಡುಗಿ ಜೊತೆ ಕೂತು ನೋಡೋ ಹಾಗಿಲ್ಲ, ಬೈಗುಳ ಮಳೆ, ಅಮ್ಮ ಹೊಡೀತಾಳೆ, ಗಂಡ ಹೊಡೀತಾನೆ. ಟೋನ್ಯಾ ಹಾರ್ಡಿಂಗ್ ಐಸ್ ಮೇಲೆ ಕುಣಿಯೋ ಫಿಗರ್ ಸ್ಕೇಟಿಂಗ್‌ನವಳು, 1991ರಲ್ಲಿ ಸ್ಪರ್ಧೇಲಿ ಟ್ರಿಪಲ್ ಆ್ಯಕ್ಸೆಲ್ ಹಾಕಿದ ಮೊದಲ ಅಮೆರಿಕನ್ ಹೆಣ್ಣುಮಗಳು, ಅಂದ್ರೆ ಗಾಳೀಲಿ ಮೂರೂವರೆ ಸುತ್ತು. 1992ರ ಒಲಿಂಪಿಕ್ಸಲ್ಲಿ ನಾಲ್ಕನೇ. 1994ರಲ್ಲಿ ಎದುರಾಳಿ ನ್ಯಾನ್ಸಿ ಕೆರಿಗನ್ ಕಾಲಿಗೆ ಹೊಡೆಸಿದ ಕೇಸು, ಆ ಗಲಾಟೆ ಮಧ್ಯದಲ್ಲೇ ನಾರ್ವೆಯ ಲಿಲ್ಲೆಹ್ಯಾಮರ್ ಒಲಿಂಪಿಕ್ಸ್‌ಗೆ ಹೋಗಿ ಬೂಟಿನ ಲೇಸ್ ಕಿತ್ತೋಗಿ, ಅಳ್ತಾ ಕಾಲೆತ್ತಿ ಜಡ್ಜ್‌ಗಳಿಗೆ ತೋರಿಸಿ, ಎಂಟನೇ ಸ್ಥಾನ. ಐಸ್ ಮೇಲೆ ಇಳಿಯೋ ಮುಂಚೆ ಕನ್ನಡಿ ಮುಂದೆ ಕೂತು ಕೆನ್ನೆಗೆ ರೂಜ್ ಒರೆಸ್ಕೊಂಡು, ಅಳು ಬರ್ತಿದ್ರೂ ಬಲವಂತಕ್ಕೆ ನಗು ತಂದ್ಕೊಳ್ಳೋ ಒಂದು ಶಾಟ್ ಇದೆ, ಮಾರ್ಗೋ ರಾಬಿ ಆ ಶಾಟಲ್ಲೇ ನನ್ನ ಬಾಯಿ ಮುಚ್ಚಿಸಿದ್ಲು. ಅಮ್ಮನ ಪಾತ್ರಕ್ಕೆ ಆ್ಯಲಿಸನ್ ಜ್ಯಾನಿಗೆ ಆಸ್ಕರ್ ಬಂತು, ಆ ಅಮ್ಮನ್ನ ನೋಡಿದ್ರೆ ನಮ್ಮ ಸೀರಿಯಲ್ ಅತ್ತೆಗಳು ದೇವತೆಗಳು. ನಂಗೆ ಇಷ್ಟ ಆಗದೇ ಇದ್ದಿದ್ದು, ಹೊಡೆತ ತಿನ್ನೋ ಸೀನಲ್ಲೂ ಜೋರು ಹಾಡು ಹಾಕಿ ನಗಿಸಕ್ಕೆ ನೋಡ್ತಾರೆ, ಕಾಲಿಗೆ ಏಟು ತಿಂದ ಕೆರಿಗನ್‌ಗೆ ಸಿನಿಮಾದಲ್ಲಿ ಬಾಯೇ ಇಲ್ಲ. ಆದ್ರೆ ನನ್ನ ಅಳತೆಗೋಲಲ್ಲಿ ಇದು ಪಾಸ್. ಕೋರ್ಟಲ್ಲಿ ಇನ್ಮೇಲೆ ನೀನು ಸ್ಕೇಟಿಂಗ್ ಸ್ಪರ್ಧೆಗೇ ಇಳಿಯೋ ಹಾಗಿಲ್ಲ ಅಂದಾಗ, ಬೇಕಾದ್ರೆ ಜೈಲಿಗೆ ಹಾಕಿ, ಇದೊಂದು ಕಿತ್ಕೋಬೇಡಿ, ನಂಗೆ ಬೇರೆ ಏನೂ ಬರಲ್ಲ ಅಂತ ಬೇಡ್ಕೋತಾಳೆ. ಇದು ಮಾರನೇ ದಿನ.

ಇನ್ನು 1998ರ ವಿಥೌಟ್ ಲಿಮಿಟ್ಸ್. ಓಟದ ಬಗ್ಗೆ ಇರೋ ಸಿನಿಮಾ ಥಿಯೇಟರಲ್ಲಿ ಓಡಲೇ ಇಲ್ಲ ಪಾಪ, ಅದಕ್ಕೇ ನಮ್ಮ ಕಡೆ ಯಾರಿಗೂ ಗೊತ್ತಿಲ್ಲ. ಒಂದು ಆ್ಯಪಲ್ಲಿ ಬಾಡಿಗೆಗೆ ತಗೊಂಡೆ, ಕನ್ನಡ ಬಿಡಿ, ಇಂಗ್ಲಿಷ್ ಸಬ್‌ಟೈಟಲ್ಲೂ ಮಾತು ಮುಗಿದ ಮೇಲೆ ಬರ್ತಿತ್ತು, ಕಂಪ್ಲೇಂಟ್ ಹಾಕಿದ್ರೆ ಆ್ಯಪ್ ಡಿಲೀಟ್ ಮಾಡಿ ಮತ್ತೆ ಹಾಕ್ಕೊಳ್ಳಿ ಅಂದ್ರು. ಅಮೆರಿಕದ ಓರೆಗಾನ್‌ನ ಸ್ಟೀವ್ ಪ್ರಿಫಾಂಟೇನ್ ಕಥೆ. ಈ ಪುಣ್ಯಾತ್ಮನಿಗೆ ಒಂದೇ ಹಠ, ಮೊದಲಿಂದ ಕೊನೇವರೆಗೂ ಮುಂದೇನೇ ಓಡ್ಬೇಕು, ಬೇರೆಯವರ ಬೆನ್ನ ಹಿಂದೆ ಗಾಳಿ ತಪ್ಪಿಸ್ಕೊಂಡು ಕೊನೇಲಿ ನುಗ್ಗೋದು ಹೇಡಿತನ ಅಂತ. ಕೋಚ್ ಬಿಲ್ ಬವರ್ಮನ್, ವಾಫಲ್ ಮಾಡೋ ಕಾವಲಿಗೆ ರಬ್ಬರ್ ಸುರಿದು ಶೂ ತಳ ಮಾಡಿದ ಆಸಾಮಿ, ನೈಕಿ ಕಟ್ಟಿದವರಲ್ಲಿ ಒಬ್ಬ, ತಲೆ ಉಪಯೋಗಿಸೋ ಮಾರಾಯ ಅಂತ ಹೇಳಿ ಹೇಳಿ ಸುಸ್ತಾಗ್ತಾನೆ. ಆ ಪಾತ್ರದಲ್ಲಿ ಡೊನಾಲ್ಡ್ ಸದರ್‌ಲ್ಯಾಂಡ್, ದನಿ ಏರಿಸದೇ ಸಿನಿಮಾನೇ ಎತ್ಕೊಂಡೋಗ್ತಾರೆ. 1972ರ ಮ್ಯೂನಿಕ್ 5000 ಮೀಟರ್ ಫೈನಲ್, ಇಸ್ರೇಲಿ ಕ್ರೀಡಾಪಟುಗಳ ಕೊಲೆ ಆದ ಕೆಲವೇ ದಿನದ ಮೇಲೆ. 21 ವರ್ಷದ ಹುಡುಗ ನಾಲ್ಕು ಲ್ಯಾಪ್ ಇರುವಾಗ ಮುಂದೆ ಬಂದು ಎಲ್ಲರನ್ನೂ ಎಳೀತಾನೆ, ಕೊನೇ ಲ್ಯಾಪಲ್ಲಿ ಫಿನ್‌ಲ್ಯಾಂಡಿನ ಲಾಸೆ ವಿರೆನ್ ದಾಟಿ ಹೋಗ್ತಾನೆ, ಟ್ಯುನೀಶಿಯಾದ ಗಮೂದಿ ದಾಟ್ತಾನೆ, ಇವನ ಕಾಲು ಸೀಸ ಆಗೋಗಿರುತ್ತೆ, ಗೆರೆ ಹತ್ರ ಬ್ರಿಟನ್ನಿನ ಇಯಾನ್ ಸ್ಟೀವರ್ಟ್ ಕಂಚೂ ಕಿತ್ಕೋತಾನೆ. ಒಂದು ಸೆಕೆಂಡಿಗಿಂತ ಕಮ್ಮಿ ಅಂತರ.

ಇಲ್ಲಿಂದ ಆಚೆಗೇ ಸಿನಿಮಾ ನಿಜವಾಗ್ಲೂ ಶುರು. ಯಾವ ಲಾಹೋರೂ ಇಲ್ಲ, ಜಕಾರ್ತಾನೂ ಇಲ್ಲ. ಹುಡುಗ ಊರಿಗೆ ಬಂದು ಮಂಕಾಗ್ತಾನೆ, ಮುಖ ತೋರಿಸಲ್ಲ, ಓಟಗಾರರ ದುಡ್ಡಿನ ವಿಷಯಕ್ಕೆ ಅಥ್ಲೆಟಿಕ್ಸ್ ದೊರೆಗಳ ಜೊತೆ ಜಗಳಕ್ಕೆ ನಿಲ್ತಾನೆ, ನಿಧಾನಕ್ಕೆ ಮತ್ತೆ ಓಡಕ್ಕೆ ಶುರು ಮಾಡ್ತಾನೆ, ಮುಂದಿನ ಒಲಿಂಪಿಕ್ಸ್‌ಗೆ ಅಂತ. ಆ ಒಲಿಂಪಿಕ್ಸ್ ಬರಲ್ಲ, 1975ರಲ್ಲಿ ಕಾರ್ ಆ್ಯಕ್ಸಿಡೆಂಟ್, 24 ವರ್ಷ. ಪ್ರೀತಿ ಪ್ರೇಮದ ಭಾಗ ಜೊಳ್ಳು, ಮೊದಲ ಅರ್ಧಗಂಟೆ ತಾಳ್ಮೆ ಬೇಕು, ಆದ್ರೂ ಆರರಲ್ಲಿ ಇದಕ್ಕೇ ನನ್ನ ಮೊದಲ ಸ್ಥಾನ, ಟೋನ್ಯಾಗೆ ಎರಡನೇದು. ಮಕ್ಕಳ ಜೊತೆ ನೋಡೋರು ಎಡ್ಡಿಯಿಂದ ಶುರು ಮಾಡಿ ಇದರಲ್ಲಿ ಮುಗ್ಸಿ, ಉಲ್ಟಾ ಮಾಡ್ಬೇಡಿ.

ಇವಳು ಆ ಕೊನೇ ಇನ್ನೂರು ಮೀಟರ್ ನಾಲ್ಕು ಸಲ ಹಿಂದಕ್ಕೆ ಹಾಕಿ ನೋಡಿದ್ಲು. ಅಳ್ತಾಳೇನೋ ಅಂದ್ಕೊಂಡೆ, ಇಲ್ಲ, ಬೆರಳಲ್ಲಿ ಏನೋ ಲೆಕ್ಕ ಹಾಕ್ತಿದ್ಲು. ಈ ಪ್ರಿಫಾಂಟೇನ್ ಮೇಲೆ ಅದರ ಹಿಂದಿನ ವರ್ಷ 1997ರಲ್ಲೂ ಇನ್ನೊಂದು ಸಿನಿಮಾ ಬಂದಿತ್ತು ಅಂತ ನಾನು ಹೇಳ್ದೆ, ನಾಲ್ಕನೇ ಬಂದೋನಿಗೆ ಎರಡೆರಡು ಸಿನಿಮಾ ನೋಡು ಅಂತ.

"ಮಾಮ, ಮೂರನೇ ಬಂದ್ನಲ್ಲ ಅವನ ಮೇಲೆ?"

ನಾನು ನೋಡಿಲ್ಲ ಕಣೇ ಅಂದೆ. "ಪಾಪ" ಅಂದ್ಲು, ರಿಮೋಟ್ ಕೊಟ್ಟು ಊಟಕ್ಕೆ ಏನು ಅಂತ ಕೇಳಿದ್ಲು.