ಇ-ಕೋರ್ಟ್ಸ್ ಸರ್ವಿಸಸ್ ಆ್ಯಪ್: ವಾಯಿದೆಗಳ ಲೆಕ್ಕ ಕೈಗೆ ಸಿಕ್ಕಾಗ

ನಮ್ಮ ಕುಟುಂಬ ದೂರುದಾರರಾಗಿರುವ ವಂಚನೆ ಪ್ರಕರಣವೊಂದು ಮ್ಯಾಜಿಸ್ಟ್ರೇಟ್ ನ್ಯಾಯಾಲಯದಲ್ಲಿ 2016ರಿಂದ ನಡೆಯುತ್ತಿದೆ. ಮೊದಲೆಲ್ಲ ಮುಂದಿನ ದಿನಾಂಕ ತಿಳಿಯಲು ವಕೀಲರ ಗುಮಾಸ್ತರಿಗೆ ಫೋನ್ ಮಾಡಿ ಕಾಯಬೇಕಿತ್ತು. ಈಗ ಇ-ಕೋರ್ಟ್ಸ್ ಸರ್ವಿಸಸ್ ಆ್ಯಪ್‌ನಲ್ಲಿ ಪ್ರಕರಣದ 16 ಅಕ್ಷರ-ಅಂಕಿಗಳ ಸಿಎನ್‌ಆರ್ ಸಂಖ್ಯೆಯನ್ನು (ಪ್ರತಿ ಪ್ರಕರಣಕ್ಕೂ ಕೊಡುವ ಪ್ರತ್ಯೇಕ ಗುರುತಿನ ಸಂಖ್ಯೆ) ನಮೂದಿಸಿದರೆ ಸಾಕು, ಹಂತ, ಮುಂದಿನ ದಿನಾಂಕ, ಹಿಂದಿನ ವಾಯಿದೆಗಳು ಎಲ್ಲವೂ ಹಣ ಕೊಡದೆ ಕಾಣಸಿಗುತ್ತವೆ.

ಇದರಲ್ಲಿ ನಾನು ಅತಿ ಹೆಚ್ಚು ಬೆಲೆ ಕೊಡುವುದು ವಾಯಿದೆಗಳ ಇತಿಹಾಸಕ್ಕೆ. ಒಂದು ಸಂಜೆ ಅಪ್ಪ ಆ ಪಟ್ಟಿಯನ್ನು ಮೇಲಿನಿಂದ ಕೆಳಗಿನವರೆಗೆ ಬೆರಳಿಟ್ಟು ಓದಿದರು. ಸಾಕ್ಷಿ ಗೈರು, ಸಮನ್ಸ್ ಮರುಜಾರಿ ಎಂಬರ್ಥದ ನಮೂದೇ ಪುಟದುದ್ದಕ್ಕೂ ಮರುಕಳಿಸಿತ್ತು. ‘ಕೋರ್ಟು ಎಳೆಯುತ್ತಿದೆ’ ಎಂದು ವರ್ಷಗಟ್ಟಲೆ ನೊಂದುಕೊಂಡಿದ್ದ ನಮಗೆ, ಸಮನ್ಸ್ ಸಾಕ್ಷಿಯ ಕೈ ಸೇರದಿರುವುದೇ ಬಹುಪಾಲು ವಿಳಂಬಕ್ಕೆ ಕಾರಣವೆಂಬುದು ಅಂದು ಮೊದಲ ಬಾರಿಗೆ ಸ್ಪಷ್ಟವಾಯಿತು.

ಶೀಘ್ರ ವಿಲೇವಾರಿಗೆ ನಿರ್ದೇಶನ ಕೋರಿ ಹೈಕೋರ್ಟಿಗೆ ಹೋಗುವವರಿಗೆ ಈ ಪಟ್ಟಿಯೇ ಅರ್ಜಿಯ ಬೆನ್ನೆಲುಬು. ತ್ವರಿತ ವಿಚಾರಣೆಯು ಜೀವ ಮತ್ತು ವೈಯಕ್ತಿಕ ಸ್ವಾತಂತ್ರ್ಯದ ಹಕ್ಕು ನೀಡುವ ಸಂವಿಧಾನದ 21ನೇ ವಿಧಿಯ ಭಾಗವೆಂದು ಸುಪ್ರೀಂ ಕೋರ್ಟು 1979ರಲ್ಲಿ, ಬಿಹಾರದ ವಿಚಾರಣಾಧೀನ ಕೈದಿಗಳ ಹುಸೈನಾರಾ ಖಾತೂನ್ ಪ್ರಕರಣದಲ್ಲಿ ಹೇಳಿತು. ಆದರೆ 2002ರಲ್ಲಿ, ನಮ್ಮ ರಾಜ್ಯದಿಂದಲೇ ಹೋದ ಪಿ. ರಾಮಚಂದ್ರ ರಾವ್ ಪ್ರಕರಣದಲ್ಲಿ, ಏಳು ನ್ಯಾಯಮೂರ್ತಿಗಳ ಪೀಠವು ಎಲ್ಲ ಕ್ರಿಮಿನಲ್ ವಿಚಾರಣೆಗಳಿಗೂ ಒಂದೇ ಕಾಲಮಿತಿ ವಿಧಿಸಲಾಗದು, ಪ್ರತಿ ಪ್ರಕರಣದ ಸಂಗತಿಗಳನ್ನು ನೋಡಿಯೇ ತೀರ್ಮಾನಿಸಬೇಕು ಎಂದಿತು. ಫೆಬ್ರವರಿ 2024ರಲ್ಲಿ ಸಂವಿಧಾನ ಪೀಠವು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಕೆಳ ನ್ಯಾಯಾಲಯಗಳಿಗೆ ಗಡುವು ನಿಗದಿಪಡಿಸುವುದು ಅಸಾಧಾರಣ ಸಂದರ್ಭಗಳಿಗೆ ಮಾತ್ರ ಸೀಮಿತವಾಗಬೇಕೆಂದು ಹೇಳಿದೆ. ಆದ್ದರಿಂದ ‘ಹತ್ತು ವರ್ಷ ಆಯಿತು’ ಎಂದಷ್ಟೇ ಹೇಳಿದರೆ ಸಾಲದು. ಯಾವ ದಿನ ಯಾರು ಗೈರಾದರು, ವಾಯಿದೆ ಕೇಳಿದವರು ಯಾರು ಎಂಬುದನ್ನು ದಿನಾಂಕ ಸಮೇತ ತೋರಿಸಬೇಕು. ಹೊಸ ನಾಗರಿಕ ಸುರಕ್ಷಾ ಸಂಹಿತೆಯ 346ನೇ ಕಲಮು ಪಕ್ಷಕಾರರ ಕೈಮೀರಿದ ಸಂದರ್ಭದಲ್ಲೂ ಎರಡಕ್ಕಿಂತ ಹೆಚ್ಚು ಮುಂದೂಡಿಕೆ ಕೊಡಬಾರದು ಎನ್ನುತ್ತದೆ, ಆದರೂ ನಮ್ಮಂಥ ಹಳೆಯ ಪ್ರಕರಣಗಳು ಹಿಂದಿನ ದಂಡ ಪ್ರಕ್ರಿಯಾ ಸಂಹಿತೆಯಡಿಯೇ ಮುಂದುವರಿಯುತ್ತಿವೆ.

ಆ್ಯಪ್‌ನ ಕೊರತೆಯೆಂದರೆ, ನಮೂದುಗಳು ಬಹುತೇಕ ಇಂಗ್ಲಿಷಿನಲ್ಲಿದ್ದು, ಎಷ್ಟೋ ಕಡೆ ಎರಡು ಮೂರು ಪದಗಳಲ್ಲೇ ಮುಗಿಯುತ್ತವೆ. ಮುಂದೂಡಿದ ಕಾರಣವನ್ನು ಕನ್ನಡದಲ್ಲಿ ಒಂದು ಪೂರ್ಣ ವಾಕ್ಯವಾಗಿ ಬರೆದರೆ ನಮ್ಮ ಅಪ್ಪನಂಥವರಿಗೆ ಇನ್ನೊಬ್ಬರ ನೆರವು ಬೇಕಾಗದು. ಹುಡುಕಾಟ ಸರಳವಾಗಿದೆ, ಉಳಿಸಿಟ್ಟ ಪ್ರಕರಣಗಳ ಪಟ್ಟಿಯೂ ಅನುಕೂಲಕರವಾಗಿದೆ.

ಐದರಲ್ಲಿ ನಾಲ್ಕು ಅಂಕ ಕೊಡುತ್ತೇನೆ. ಹೈಕೋರ್ಟಿಗೆ ಹೋಗುವವರು ಒಂದು ವಿಷಯ ಗಮನಿಸಬೇಕು: ಆ್ಯಪ್‌ನ ಮಾಹಿತಿ ದೃಢೀಕೃತ ದಾಖಲೆಯಲ್ಲ. ಪಟ್ಟಿಯಲ್ಲಿ ಮುಖ್ಯವೆನಿಸಿದ ದಿನಾಂಕಗಳನ್ನು ಗುರುತು ಹಾಕಿಕೊಂಡು, ಆ ದಿನಗಳ ಆರ್ಡರ್ ಶೀಟಿನ (ನ್ಯಾಯಾಲಯದ ದಿನದಿನದ ನಡಾವಳಿ ಬರೆದಿಡುವ ಹಾಳೆ) ದೃಢೀಕೃತ ನಕಲಿಗೆ ವಿಚಾರಣಾ ನ್ಯಾಯಾಲಯದ ನಕಲು ವಿಭಾಗದಲ್ಲಿ ಮೊದಲೇ ಅರ್ಜಿ ಹಾಕಿಡಿ.