ಅರ್ಜಿ ಬಿದ್ದುಹೋಯಿತು, ಆದರೂ ನಾಲ್ಕು ಸ್ಟಾರ್

ವಕೀಲರು ಜಾಹೀರಾತು ಕೊಡುವ ಹಾಗಿಲ್ಲ ಅಂತ ನಿಯಮ ಉಂಟಂತೆ. ಹೆಸರು ಬರೆಯಬೇಡಿ ಅಂತ ನಮ್ಮ ಕೇಸು ನಡೆಸುವ ವಕೀಲ ಮೇಡಂ ಅವರೇ ಹೇಳಿದರು. ಬೇಕಾದವರು ನನ್ನನ್ನು ಕೇಳಿ. ಮಂಗಳೂರಿನ ಕೊಡಿಯಾಲ್‌ಬೈಲಿನಲ್ಲಿ ಎರಡನೇ ಮಾಳಿಗೆಯ ಆಫೀಸು. ಲಿಫ್ಟ್ ಇಲ್ಲ.

ನನ್ನದು ಸುರತ್ಕಲ್‌ನಲ್ಲಿ ಟೈಲರಿಂಗ್ ಅಂಗಡಿ. ಕೇಸು ತಮ್ಮನದ್ದು. ಹಳೆ ಕಾರು ಮಾರುವ ಸ್ನೇಹಿತನಿಗೆ ಪಾಲುದಾರ ಅಂತ ಸಹಿ ಹಾಕಿಕೊಟ್ಟಿದ್ದ. ಆ ಸ್ನೇಹಿತ ಮೂವರಿಂದ ಅಡ್ವಾನ್ಸ್ ತೆಗೆದುಕೊಂಡು ಕಾರು ಕೊಡಲಿಲ್ಲ. ಚಾರ್ಜ್‌ಶೀಟಿನಲ್ಲಿ ನಮ್ಮವನು ಎ2, ಅಂದರೆ ಎರಡನೇ ಆರೋಪಿ. ನ್ಯಾಯ ಸಂಹಿತೆಯ 318(4), ವಂಚನೆ. ಏಳು ವರ್ಷದವರೆಗೆ ಶಿಕ್ಷೆ ಆಗಬಹುದಾದ ಸೆಕ್ಷನ್.

ಮೊದಲು ಹೋದದ್ದು ಬೇರೊಬ್ಬರ ಹತ್ತಿರ. "ಡಿಸ್ಚಾರ್ಜ್ ಗ್ಯಾರಂಟಿ ಅಕ್ಕ" ಅಂದರು. ಡಿಸ್ಚಾರ್ಜ್ ಅಂದರೆ ವಿಚಾರಣೆ ಶುರುವಾಗುವ ಮೊದಲೇ ಆರೋಪಿಯನ್ನು ಕೇಸಿನಿಂದ ಬಿಡುವುದು, ಅದಕ್ಕೆ ಅರ್ಜಿ ಹಾಕಬೇಕು. ದುಡ್ಡು ತೆಗೆದುಕೊಂಡು 43 ದಿನ ಸುಮ್ನೆ ಕೂತರು. ಹೊಸ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ (ಕ್ರಿಮಿನಲ್ ಕೇಸು ಹೇಗೆ ನಡೆಸಬೇಕು ಅಂತ ಹೇಳುವ ಕಾನೂನು) ಈ ಅರ್ಜಿಗೆ 60 ದಿನದ ಗಡುವು ಉಂಟು, ಚಾರ್ಜ್‌ಶೀಟಿನ ಪ್ರತಿ ಕೈಗೆ ಬಂದಲ್ಲಿಂದ ಲೆಕ್ಕ ಅಂತ ನನಗೆ ಗೊತ್ತಾದದ್ದೇ ಈ ಮೇಡಂ ಹೇಳಿದ ಮೇಲೆ.

ಮೇಡಂ ಎರಡು ದಿನ ಕಾಗದ ಓದಿದರು. ಆಮೇಲೆ ಕರೆದು, "ಅರ್ಜಿ ಹಾಕುವ ಅಕ್ಕ. ಆದರೆ ಬೀಳುವ ಸಾಧ್ಯತೆಯೇ ಜಾಸ್ತಿ" ಅಂದರು. ನನಗೆ ಸಿಟ್ಟು ಬಂತು. ತಮ್ಮನ ಪಾಸ್‌ಬುಕ್ ತೆಗೆದು ಮೇಜಿನ ಮೇಲಿಟ್ಟೆ. ಒಂದು ರೂಪಾಯಿ ಅವನ ಖಾತೆಗೆ ಬಂದಿಲ್ಲ, ನೋಡಿ ಅಂದೆ.

ಅರ್ಧ ಗಂಟೆ ಕೂತು ವಿವರಿಸಿದರು. ಈ ಹಂತದಲ್ಲಿ ಕೋರ್ಟು ನೋಡುವುದು ಪೊಲೀಸರು ಕೊಟ್ಟ ಕಾಗದವನ್ನು. ಆರೋಪಿ ತನ್ನ ಕಡೆಯ ದಾಖಲೆ ತಂದು ತೋರಿಸುವ ಹಾಗಿಲ್ಲ ಅಂತ 2004ರಲ್ಲೇ ದೇವೇಂದ್ರ ನಾಥ್ ಪಾಧಿ ಕೇಸಿನಲ್ಲಿ ಸುಪ್ರೀಂ ಕೋರ್ಟಿನ ಮೂವರು ಜಡ್ಜ್‌ಗಳು ಹೇಳಿದ್ದಾರೆ. (ಕೇಸಿನ ಹೆಸರನ್ನು ಚೀಟಿಯಲ್ಲಿ ಬರೆದುಕೊಟ್ಟರು, ಅದನ್ನು ನೋಡಿಯೇ ಬರೆಯುತ್ತಿದ್ದೇನೆ.) ಪಾಸ್‌ಬುಕ್ಕಿನ ಸರದಿ ವಿಚಾರಣೆಯಲ್ಲಿ. ಹಾಗಂತ ಪೊಲೀಸರು ಹೇಳಿದ್ದಕ್ಕೆಲ್ಲ ಜಡ್ಜ್ ಮೊಹರು ಒತ್ತಬೇಕಂತಲೂ ಇಲ್ಲ. ಸುಪ್ರೀಂ ಕೋರ್ಟಿನದೇ 1978ರ ಪ್ರಫುಲ್ಲ ಕುಮಾರ್ ಸಮಲ್ ತೀರ್ಪಿನ ಪ್ರಕಾರ ಕಾಗದವನ್ನು ಸ್ವಲ್ಪ ಜರಡಿ ಹಿಡಿಯಬಹುದು. ಬರೀ ಸಂಶಯ ಮಾತ್ರ ಇದ್ದರೆ ಬಿಡಬಹುದು. ಬಲವಾದ ಸಂಶಯ ಇದ್ದರೆ ವಿಚಾರಣೆಗೆ ಹೋಗಲೇಬೇಕು.

ನಮ್ಮ ಕತೆ ಕೆಟ್ಟದ್ದು ಅಲ್ಲೇ. ಪಾಲುದಾರಿಕೆ ಪತ್ರದಲ್ಲಿ ಸಹಿ ಉಂಟು. ದುಡ್ಡು ಎಣಿಸುವಾಗ ಇವನೂ ಪಕ್ಕದಲ್ಲಿ ಕೂತಿದ್ದ ಅಂತ ಇಬ್ಬರು ಹೇಳಿಕೆ ಕೊಟ್ಟಿದ್ದಾರೆ. ಅದು ನಿಜವೋ ಸುಳ್ಳೋ ಅಂತ ತೂಗುವುದು ಪಾಟೀಸವಾಲು ಆದ ಮೇಲೆ, ಈಗ ಅಲ್ಲ.

ಬಟ್ಟೆ ಸಾಲುವುದಿಲ್ಲ ಅಂತ ಕತ್ತರಿಸುವ ಮೊದಲು ಹೇಳಬೇಕು, ಅಲ್ವಾ? ನಾಲ್ಕು ಸ್ಟಾರ್ ಅದಕ್ಕೇ. ಫೀಸು 18,000 ಅಂತ ಮೊದಲೇ ಹೇಳಿದರು, ರಸೀದಿ ಕೊಟ್ಟರು. 51ನೇ ದಿನ ಅರ್ಜಿ ಹಾಕಿದರು, ಚೆನ್ನಾಗಿಯೇ ವಾದ ಮಾಡಿದರು.

ಅರ್ಜಿ ವಜಾ ಆಯಿತು. ಅವತ್ತು ಸಂಜೆಗೇ ನಮ್ಮ ನೆಂಟರಲ್ಲಿ ಸುದ್ದಿ, "ತಪ್ಪು ಮಾಡಿದ್ದಾನೆ ಅಂತ ಕೋರ್ಟೇ ಹೇಳಿತಂತೆ." ತಮ್ಮ ಎರಡು ದಿನ ಸರಿ ಊಟ ಮಾಡಲಿಲ್ಲ. ಮೇಡಂ ಅವನನ್ನು ಕರೆಸಿ, ಆದೇಶದ ಕೊನೆಯ ಪುಟ ಓದಿ ಹೇಳಿದರು. ವಿಚಾರಣೆ ನಡೆಸಲು ಕಾರಣ ಉಂಟು ಅಂತ ಮಾತ್ರ ಅದರಲ್ಲಿರುವುದು. ತಪ್ಪಿತಸ್ಥ ಅಂತ ಎಲ್ಲಿಯೂ ಇಲ್ಲ. 90 ದಿನದೊಳಗೆ ಇಲ್ಲಿನ ಸೆಷನ್ಸ್ ಕೋರ್ಟಿಗೆ ರಿವಿಷನ್ (ಈ ಆದೇಶವನ್ನು ಮೇಲಿನ ಕೋರ್ಟು ಮತ್ತೆ ನೋಡಲಿ ಅಂತ ಅರ್ಜಿ) ಹಾಕಬಹುದು, ಬೆಂಗಳೂರಿನ ಹೈಕೋರ್ಟಿಗೆ ಓಡಬೇಕಾಗಿಲ್ಲ. ಆದರೆ ಆ ದುಡ್ಡು ಪಾಟೀಸವಾಲಿಗೆ ಇರಲಿ ಅಂದರು. ಇನ್ನೊಂದು ಫೀಸು ತಾವೇ ಬಿಟ್ಟರು ಮಾರಾಯ್ರೆ.

ಒಂದು ಸ್ಟಾರ್ ಕಡಿಮೆ ಮಾಡಿದ್ದು ಗುಮಾಸ್ತರಿಗೆ. ಫೋನ್ ಎತ್ತುವುದೇ ಇಲ್ಲ. ವಾಯಿದೆ ಮುಂದೆ ಹೋದದ್ದು ಗೊತ್ತಾಗದೆ ಎರಡು ಸಲ ಅಂಗಡಿ ಮುಚ್ಚಿ, ಮಳೆಯಲ್ಲಿ ಬಸ್ಸು ಹತ್ತಿ ಬಂದೆ. ಈಗ ಇ-ಕೋರ್ಟ್ಸ್ ಆ್ಯಪಿನಲ್ಲಿ ಸಿಎನ್‌ಆರ್ ನಂಬರ್ (ಕೇಸಿನ ಗುರುತಿನ ಸಂಖ್ಯೆ) ಹಾಕಿ ನಾನೇ ನೋಡಿಕೊಳ್ಳುತ್ತೇನೆ.

ಹೋಗುವುದಾದರೆ ಸಂಜೆ ಐದೂವರೆ ಮೇಲೆ ಹೋಗಿ. ಚಾರ್ಜ್‌ಶೀಟಿನ ಪ್ರತಿ ಪೂರ್ತಿ ಕೈಯಲ್ಲಿರಲಿ. ಮೊಬೈಲಿನಲ್ಲಿ ಫೋಟೋ ತೋರಿಸಿದರೆ ಮೇಡಂ ಓದುವುದಿಲ್ಲ.